ಗೇಟಿಲ್ಲದ ಗೋಡೆ

"ಇವತ್ತೊಂದು ದಿನ ಬಾಯಿಗೆ ಬೀಗ ಹಾಕ್ಕೊಂಡಿರು ಡೆಲಿಯಾ, ಗೇಟಿನ ಜಗಳ ತೆಗೀಬೇಡ. ಬೇಕಾದ್ರೆ ಮಂಡಿಯೂರಿ ಕೇಳ್ಕೋತೀನಿ," ಎಂದು ಫೆಸ್ಟಸ್ ಗೋಡೆಯಾಚೆಯಿಂದ ಪಿಸುಗುಟ್ಟಿದ.

"ನಿನ್ನ ಮಂಡಿ ಬಗ್ಗದೆ ಮೂರು ವರ್ಷ ಆಯ್ತು. ಚರ್ಚಲ್ಲೂ ಕಂಬದ ಥರ ನಿಂತೇ ಇರ್ತೀಯ," ಎಂದಳು ಡೆಲಿಯಾ, ಒಗೆದ ಬಟ್ಟೆಗೆ ಕ್ಲಿಪ್ ಹಾಕುತ್ತಾ.

ಅವನ ಬೆನ್ನ ಹಿಂದೆ ಹತ್ತು ಜನ ಪ್ರವಾಸಿಗರು ಗಾಳಿಗೆ ಟೋಪಿ ಹಿಡಿದುಕೊಂಡು ಬರುತ್ತಿದ್ದರು. ಎಲ್ಲರಿಗಿಂತ ಮುಂದೆ ಕೈಯಲ್ಲಿ ನೋಟ್‌ಬುಕ್ ಹಿಡಿದ ಫಿಡೆಲ್ಮಾ ಇದ್ದಳು. ಜಿಲ್ಲಾ ಕಚೇರಿಯಿಂದ ಬಂದವಳು. ಫೆಸ್ಟಸ್‌ನ ಶನಿವಾರದ ನಡಿಗೆಯನ್ನು ಕರಾವಳಿಯ ನಡಿಗೆದಾರಿಗಳ ನಕ್ಷೆಗೆ ಸೇರಿಸಬೇಕೋ ಬೇಡವೋ ಎಂದು ಇವತ್ತು ಅವಳೇ ತೀರ್ಮಾನಿಸಬೇಕಿತ್ತು. ಸೇರಿಸಿದರೆ ಬೇಸಿಗೆಯಿಡೀ ದೋಣಿ ತುಂಬಿ ಬರುತ್ತದೆ. ಇಲ್ಲದಿದ್ದರೆ ಮಂಡಿ ಹೋಗಿ ದೋಣಿ ಮಾರಿದ ಈ ಮೀನುಗಾರ ಮನೆಯಲ್ಲಿ ಕೂತು ಒಲೆ ಕೆದಕಬೇಕು. ಮಾತಾಡದಿದ್ದರೆ ಅನ್ನ ಕರಗದ ಮನುಷ್ಯ ಅವನು.

ನಕ್ಷೆಯ ದಾರಿ ಡೆಲಿಯಾಳ ಹೊಲದ ನಡುವೆಯೇ ಹೋಗಬೇಕಿತ್ತು. ಅಲ್ಲೇ ಇತ್ತು ತೊಡಕು. ನಮ್ಮ ದ್ವೀಪದ ಹೊಲಗಳಿಗೆ ಗೇಟು ಇಲ್ಲ. ಗಾರೆಯಿಲ್ಲದೆ ಪೇರಿಸಿದ ಕಲ್ಲುಗೋಡೆಯಲ್ಲಿ ಒಂದು ಗಂಡಿ ಇರುತ್ತದೆ. ದನ ಹೋಗಬೇಕಾದಾಗ ಅದರ ಕಲ್ಲು ಇಳಿಸುತ್ತೇವೆ, ದನ ದಾಟಿದ ಮೇಲೆ ಮತ್ತೆ ಪೇರಿಸುತ್ತೇವೆ. ಹೊರಗಿನವರು ಗೋಡೆ ಹತ್ತಿ ಕೆಡವುತ್ತಾರೆ, ಆದ್ದರಿಂದ ಕಬ್ಬಿಣದ ಗೇಟು ಹಾಕಲೇಬೇಕು ಎನ್ನುವುದು ಕಚೇರಿಯ ಹಟ. ಅಪ್ಪ ಕಟ್ಟಿದ ಗೋಡೆಗೆ ಕಬ್ಬಿಣ ಸೋಕಿಸಬೇಡಿ, ಅಪರಿಚಿತರ ಕೈಯನ್ನೂ ಸೋಕಿಸಬೇಡಿ ಎನ್ನುವುದು ಡೆಲಿಯಾಳದು. ಇಷ್ಟು ದಿನ ಫೆಸ್ಟಸ್ ಗೋಡೆಯಾಚೆ ನಿಂತೇ ಪ್ರವಾಸಿಗರಿಗೆ ಕಥೆ ಹೇಳುತ್ತಿದ್ದ; ಇವತ್ತಿಗೆ ಮಾತ್ರ ಮನೆಯ ಕಡೆಯಿಂದ ಒಳಗೆ ಬಿಟ್ಟಿದ್ದಳು.

ಹೊಲದ ಮೂಲೆಯಲ್ಲಿದ್ದ ಕಲ್ಲಿನ ಗೂಡಿನ ಮುಂದೆ ನಿಂತು ಫೆಸ್ಟಸ್ ಗಂಟಲು ಸರಿಮಾಡಿಕೊಂಡ. ಸಾವಿರದ ನಾನೂರು ವರ್ಷದ ಹಿಂದೆ ಒಬ್ಬ ಸಂತ ಒಂಟಿಯಾಗಿ ದೋಣಿಗೆ ಹುಟ್ಟು ಹಾಕುತ್ತಾ ಈ ದ್ವೀಪಕ್ಕೆ ಬಂದ. ಈ ಗೂಡಿನಲ್ಲಿ ಬರಿ ಕಲ್ಲಿನ ಮೇಲೆ ಮಲಗಿದ. ಕಡಲಹಕ್ಕಿಗಳು ದಿನಕ್ಕೊಂದು ಮೀನು ತಂದು ಅವನ ಬಾಗಿಲಲ್ಲಿ ಇಟ್ಟವು, ಶುಕ್ರವಾರ ಎರಡು. ಪ್ರವಾಸಿಗರು ಒಬ್ಬೊಬ್ಬರಾಗಿ ಬಗ್ಗಿ ಒಳಗೆ ಇಣುಕಿದರು. ಡೆಲಿಯಾ ಹಿಂದೆ ನಿಂತು ಕೇಳುತ್ತಿದ್ದಳು. ಮೂರು ವರ್ಷದಿಂದ ಪ್ರತಿ ಶನಿವಾರ ಅವಳು ಬಟ್ಟೆ ಒಣಹಾಕುವುದು ಇದೇ ಹೊತ್ತಿಗೆ. ಆ ಶುಕ್ರವಾರದ ಎರಡು ಮೀನು ಅವಳಿಗೆ ಬಹಳ ಇಷ್ಟ.

ಫಿಡೆಲ್ಮಾ ಕಲ್ಲು ಸವರಿ ನೋಡಿದಳು. ಅವಳ ಮುಖ ಅರಳಿತ್ತು. "ಇದು ಅಷ್ಟು ಹಳೇದಾಗಿದ್ರೆ ಬರೀ ನಕ್ಷೆಗೆ ಸೇರಿಸಿದ್ರೆ ಸಾಲ್ದು. ಹೊಲವನ್ನೇ ಸರ್ಕಾರ ರಕ್ಷಣೆಗೆ ತಗೋಬೇಕಾಗುತ್ತೆ. ಸುತ್ತ ಬೇಲಿ ಹಾಕ್ತಾರೆ. ದನ ಬಿಡೋ ಹಾಗಿಲ್ಲ."

ಫೆಸ್ಟಸ್‌ನ ಎದೆ ಉಬ್ಬಿತು. ಡೆಲಿಯಾ ಕೈಲಿದ್ದ ಕ್ಲಿಪ್ಪನ್ನು ಜೇಬಿಗೆ ಹಾಕಿದಳು.

"ಬೇಲಿ ಬೇಡಮ್ಮ. ಅಲ್ಲಿ ಮಲಗಿದ್ದು ಸಂತ ಅಲ್ಲ. ನಮ್ಮ ಹಂದಿ."

ಗೂಡಿನೊಳಗೆ ಇಣುಕುತ್ತಿದ್ದವನೊಬ್ಬ ತಲೆ ಹೊರಗೆಳೆದುಕೊಂಡ.

"ಹಂದಿ?" ಎಂದ ಫೆಸ್ಟಸ್.

"ನಾನು ಏಳು ವರ್ಷದವಳಿದ್ದಾಗ ಅಪ್ಪ ಕಟ್ಟಿದ್ದು. ಕಲ್ಲು ಹೊತ್ತು ಕೊಟ್ಟವಳು ನಾನು."

"ನಮ್ಮ ಮೇಷ್ಟ್ರು ಹೇಳಿದ್ರಲ್ಲೇ! ಸಂತನ ಗೂಡು ಅಂತ ಬೋರ್ಡ್ ಮೇಲೆ ಬರೆದು ತೋರಿಸಿದ್ರು!"

"ದ್ವೀಪದ ಪಡುವಣ ತುದಿಯ ನಿಮ್ಮ ಊರಿನವರು ನಮ್ಮ ಊರಿನ ಹಂದಿಗೂಡನ್ನೂ ಕೈಮುಗಿದು ನೋಡ್ತಾರೆ. ನಾವೇನು ಮಾಡೋಣ?"

ಮೊದಲು ನಕ್ಕವಳು ಫಿಡೆಲ್ಮಾ. ಆಮೇಲೆ ಇಡೀ ಗುಂಪು ಹೊಟ್ಟೆ ಹಿಡಿದುಕೊಂಡಿತು. ಫೆಸ್ಟಸ್‌ನ ಕಿವಿ ಕೆಂಪಾಯಿತು. ಅವನಿಗೆ ನೆಲ ಬಾಯಿಬಿಟ್ಟರೆ ಸಾಕು ಅನ್ನಿಸಿತು. ಅವನು ಗೂಡಿನ ಗೋಡೆಗೆ ಒರಗಿಬಿಟ್ಟ.

"ಮೂರು ವರ್ಷ ಯಾಕೆ ಹೇಳ್ಲಿಲ್ಲ ನೀನು?"

"ನೀನು ಚೆನ್ನಾಗಿ ಹೇಳ್ತಿದ್ದೆ ಕಣೋ. ಕೇಳ್ತಾ ಕೇಳ್ತಾ ನಂಗೂ ಆ ಸಂತ ಇದ್ದ ಅನ್ನಿಸೋಕೆ ಶುರುವಾಗಿತ್ತು."

ಫೆಸ್ಟಸ್ ತಲೆ ಕೆರೆದುಕೊಂಡ. ಕಥೆಗಾರನ ಜಾತಿಯೇ ಬೇರೆ; ಮಾನ ಹೋದ ಜಾಗದಲ್ಲೂ ಅವನ ಕಿವಿ ನೆಟ್ಟಗಾಗುತ್ತದೆ. "ಆ ಹಂದಿಗೆ ಹೆಸರಿತ್ತಾ?" ಎಂದು ಕೇಳಿದ.

"ಇಡಬಾರದಿತ್ತು. ಮಾರೋ ಹಂದಿಗೆ ಯಾರೂ ಹೆಸರಿಡಲ್ಲ. ನಾನು ಕದ್ದು ಇಟ್ಟಿದ್ದೆ. ಹನೋರಾ ಅಂತ. ಅಜ್ಜಿ ಹೆಸರು."

ಮತ್ತೆ ನಗು. ಡೆಲಿಯಾ ಮಾತ್ರ ನಗಲಿಲ್ಲ. ಹನೋರಾಳ ಕಾಲು ಕಟ್ಟಿ, ಹುಲ್ಲಿನ ಮೇಲೆ ಮಲಗಿಸಿ, ದೋಣಿಯಲ್ಲಿ ಸಂತೆಗೆ ಸಾಗಿಸಿದ ದಿನವನ್ನು ಹೇಳಿದಳು. ಅವತ್ತು ಅವಳು ಖಾಲಿ ಗೂಡಿನೊಳಗೆ ಹೊಕ್ಕು, ಊಟಕ್ಕೂ ಬರಲಿಲ್ಲ. ಅಪ್ಪ ಬಯ್ಯಲಿಲ್ಲ. ಹೊರಗೆ ಕೂತು, ಗಂಡಿ ಬಿಚ್ಚಿಬಿದ್ದಿದೆ, ನನಗೊಬ್ಬನಿಗೇ ಮುಚ್ಚಲು ಬರುವುದಿಲ್ಲ, ನೀನು ಬಂದು ಹೇಳಿಕೊಡು ಎಂದ. ದ್ವೀಪದಲ್ಲೇ ಅವನಷ್ಟು ಚೆನ್ನಾಗಿ ಗೋಡೆ ಕಟ್ಟುವವರಿರಲಿಲ್ಲ.

ಫಿಡೆಲ್ಮಾ ಬರೆಯುವುದನ್ನು ನಿಲ್ಲಿಸಿದ್ದಳು. "ನೀವು ಏನು ಹೇಳಿಕೊಟ್ರಿ?"

"ಬನ್ನಿ, ತೋರಿಸ್ತೀನಿ," ಎಂದುಬಿಟ್ಟಳು ಡೆಲಿಯಾ. ಹೇಳಿದ ಮೇಲೆ ತನಗೇ ಆಶ್ಚರ್ಯವಾಯಿತು.

ಹೊಲದ ಪಡುವಣ ಗೋಡೆಯ ಗಂಡಿಯನ್ನು ಅವಳು ಕಲ್ಲು ಕಲ್ಲಾಗಿ ಇಳಿಸಿದಳು. ಎಲ್ಲರೂ ಆಚೆ ದಾಟಿದರು. ಆಮೇಲೆ ಒಬ್ಬೊಬ್ಬರ ಕೈಗೂ ಒಂದೊಂದು ಕಲ್ಲು ಕೊಟ್ಟಳು. "ಮೊದಲು ಅಮ್ಮಂದಿರು. ಎತ್ತರದ ಕಲ್ಲು, ನೆಟ್ಟಗೆ ನಿಲ್ಲಿಸಿ. ನಡುವೆ ಮಕ್ಕಳು, ಸಣ್ಣವು. ಮೇಲೆ ಅಪ್ಪ, ಅಗಲದ ಭಾರದ ಕಲ್ಲು. ಏ ಗಡ್ಡದವರೇ, ಮಕ್ಕಳನ್ನ ಇಷ್ಟು ಬಿಗಿಯಾಗಿ ತುರುಕಬೇಡಿ. ನಡುವೆ ಬೆಳಕು ಕಾಣ್ಬೇಕು. ಗಾಳಿಗೆ ದಾರಿ ಬಿಟ್ರೆ ಗೋಡೆ ನಿಲ್ಲುತ್ತೆ, ತಡೆದ್ರೆ ಅದೇ ತಳ್ಳಿ ಬೀಳಿಸುತ್ತೆ."

ಎರಡು ಸಲ ಬಿತ್ತು. ಎರಡನೇ ಸಲ ಫೆಸ್ಟಸ್‌ನ ಬೂಟಿನ ಮೇಲೆಯೇ. ಬಗ್ಗದ ಮಂಡಿ ಅವತ್ತು ಬಗ್ಗಿತು. ಅವನು ನೆಲದ ಮೇಲೆ ಕೂತು ಮಕ್ಕಳನ್ನು ಆರಿಸಿ ಕೊಡುತ್ತಿದ್ದ. ಮೂರನೇ ಸಲ ಗೋಡೆ ನಿಂತಾಗ ಎಲ್ಲರೂ ಚಪ್ಪಾಳೆ ತಟ್ಟಿದರು. ಆಚೆಯ ಹಸುವೊಂದು ಬೆದರಿ ಓಡಿತು.

ಫಿಡೆಲ್ಮಾ ಮಣ್ಣಾದ ಕೈಯಲ್ಲೇ ಬರೆದಳು. "ಗೇಟು ಬೇಡ. ಇಳಿಸಿದವರೇ ಕಟ್ಟಬೇಕು. ಇದೇ ನಿಯಮ ಅಂತ ನಕ್ಷೆಯಲ್ಲಿ ಹಾಕ್ತೀನಿ. ನಿಮಗೆ ಒಪ್ಪಿಗೆನಾ?"

ಫೆಸ್ಟಸ್ ಡೆಲಿಯಾಳ ಮುಖ ನೋಡಿದ.

"ಶನಿವಾರ ಮಾತ್ರ. ಅದೂ ನಾನು ಎದುರಿಗಿದ್ರೆ," ಎಂದಳು ಅವಳು. "ಮತ್ತೆ ಹನೋರಾ ಕಥೆಗೆ ಇವನು ರೆಕ್ಕೆಪುಕ್ಕ ಕಟ್ಟಬಾರದು."

"ಒಂದೇ ಒಂದು ಮೀನು?"

"ಬೇಡ."

"ಶುಕ್ರವಾರಕ್ಕೆ?"

ಡೆಲಿಯಾ ಯೋಚಿಸಿದಳು. "ಶುಕ್ರವಾರಕ್ಕೆ ಬೇಕಾದ್ರೆ ಇಟ್ಕೋ."

ಮಧ್ಯಾಹ್ನದ ದೋಣಿ ಕೂಗಿತು. ಗುಂಪು ಬಂದರಿನ ಕಡೆ ಇಳಿಯಿತು. ಫೆಸ್ಟಸ್‌ನ ದನಿ ಆಗಲೇ ಶುರುವಾಗಿದ್ದು ಗಾಳಿಯಲ್ಲಿ ತುಂಡುತುಂಡಾಗಿ ಕೇಳುತ್ತಿತ್ತು. ಡೆಲಿಯಾ ಗಂಡಿಯ ಬಳಿ ಒಬ್ಬಳೇ ಉಳಿದಳು. ಅಪ್ಪನ ಸಾಲುಗಳ ನಡುವೆ ಹೊಸ ಸಾಲು ಸೊಟ್ಟಗೆ ನಿಂತಿತ್ತು. ಒಂದು ಸಣ್ಣ ಕಲ್ಲನ್ನು ಯಾರೋ ತಲೆಕೆಳಗಾಗಿ ಇಟ್ಟಿದ್ದರು. ಅದನ್ನು ತಿರುಗಿಸಲು ಕೈ ಚಾಚಿದಳು. ಕಲ್ಲಿನ್ನೂ ಯಾರದೋ ಅಂಗೈಯಿಂದ ಬೆಚ್ಚಗಿತ್ತು. ಪಕ್ಕದ ಸಂದಿನಲ್ಲಿ ಕಡಲು ಕಾಣುತ್ತಿತ್ತು. ಕಲ್ಲನ್ನು ಇದ್ದಂತೆಯೇ ಬಿಟ್ಟು, ಒಣಗಿದ ಬಟ್ಟೆ ತೆಗೆಯಲು ಹೋದಳು.