ಮೈದಾ ಮೇಜು

ಪುಸ್ತಕಕ್ಕೆ ರಟ್ಟು ಕಟ್ಟುವ ಆ ಕಾರ್ಖಾನೆಯಲ್ಲಿ ಎರಡು ಬಗೆಯ ಅಂಟು ಕುದಿಯುತ್ತಿತ್ತು: ಒಂದು ಚರ್ಮದ್ದು, ಇನ್ನೊಂದು ಮೈದಾದ್ದು. ಮಾಂಸ ತಿನ್ನದ ಮೂವರು ಚರ್ಮದಂಟು ಮುಟ್ಟುವುದಿಲ್ಲವೆಂದು ಹಟ ಹಿಡಿದು, ಕಿಟಕಿಯ ಬೆಳಕಿನಲ್ಲೊಂದು ಮೈದಾ ಮೇಜು ಗಿಟ್ಟಿಸಿಕೊಂಡಿದ್ದರು. ಯಜಮಾನ ಷರತ್ತು ಹಾಕಿದ್ದ: "ಒಬ್ಬರು ತಿಂದದ್ದು ಗೊತ್ತಾದ್ರೂ ಮೇಜು ಎತ್ತಿಸ್ತೀನಿ. ಆಮೇಲೆ ವ್ರತ ಗಿತ ಅನ್ಬೇಡಿ."

ಮೂವರೆಂದರೆ ಹೊಲಿಗೆಯ ಅಕ್ಕ, ಕನ್ನಡಕದವನು ಮತ್ತು ಅಳಿಯ. ಹಳೆಯ ಮೇಸ್ತ್ರಿಯ ಅಳಿಯನೆಂದು ಇವನಿಗೆ ಕೆಲಸ ಸಿಕ್ಕಿತ್ತು. ಮೇಸ್ತ್ರಿ ಹೋದರೂ ಅಳಿಯನೆಂಬ ಹೆಸರು ಹೋಗಲಿಲ್ಲ.

ಕತ್ತರಿ ಯಂತ್ರದವನು ಮಧ್ಯಾಹ್ನ ಡಬ್ಬಿ ತೆರೆದರೆ ಹುರಿದ ಮಾಂಸದ ಘಮ ಸೀದಾ ಅಳಿಯನ ಮೂಗಿಗೆ ಬರುತ್ತಿತ್ತು. ಅವನು ಸೌತೆಕಾಯಿ ಅಗಿಯುತ್ತ ಕಣ್ಣು ಮುಚ್ಚುತ್ತಿದ್ದ.

"ಕಣ್ಣ್ಯಾಕೋ ಮುಚ್ತೀಯ?" ಅಕ್ಕ ಕೇಳಿದಳು.

"ರುಚಿಗೆ."

"ಸೌತೆಕಾಯಿಗಾ?"

ಅಂದಿನಿಂದ ಕನ್ನಡಕದವನು ಹೆಗಲಿಗೆ ಕೈ ಹಾಕುವ ನೆಪದಲ್ಲಿ ಅವನ ಅಂಗಿ ಮೂಸತೊಡಗಿದ.

ಒಂದು ದಿನ ಯಜಮಾನ ಅಳಿಯನನ್ನು ಕೋಣೆಗೆ ಕರೆದ. ಮೇಜಿನ ಮೇಲೆ ಬಿಸಿ ಮಾಂಸದ ತಟ್ಟೆ.

"ತಿನ್ನೋ ಮಾರಾಯ. ನಾನ್ಯಾರಿಗೆ ಹೇಳ್ಲಿ?"

ಅಳಿಯನ ಬೆರಳು ತುಂಡನ್ನು ಮುಟ್ಟಿಯೂ ಬಿಟ್ಟಿತು. ಆಗ ತಟ್ಟೆಯ ಪಕ್ಕ ಅಳತೆ ಟೇಪು ಕಂಡಿತು. ಹೊಸ ಯಂತ್ರಕ್ಕೆಂದು ಯಜಮಾನ ಮೊನ್ನೆ ಮೈದಾ ಮೇಜಿದ್ದ ಕಿಟಕಿಯ ಮೂಲೆಯನ್ನು ಅಳೆದದ್ದು ಅದರಲ್ಲೇ. ಅಳಿಯ ಕೈ ಹಿಂದೆಗೆದ.

"ಬೇಡ ಸಾರ್, ಹೊಟ್ಟೆ ಸರಿಯಿಲ್ಲ."

"ಹೊಟ್ಟೆ ಸರಿಯಿಲ್ಲದೋನು ಹೀಗೆ ಜೊಲ್ಲು ನುಂಗ್ತಾನಾ?"

ಮರಳಿ ಬಂದವನ ಬೆರಳನ್ನು ಕನ್ನಡಕದವನು ಮೂಸಿದ. "ಏನಯ್ಯಾ ಇದು?"

"ಮುಟ್ಟಿದೆ ಅಷ್ಟೆ. ತಿನ್ಲಿಲ್ಲ."

"ನಂಬೋಕೆ ನಾವೇನು ನಿನ್ನ ಮಾವನ ಮನೆಯೋರಾ?"

ಅಕ್ಕ ತಡಮಾಡಲಿಲ್ಲ. ತಾವಾದರೂ ಉಳಿಯೋಣವೆಂದು ಯಜಮಾನನ ಬಳಿಗೆ ಓಡಿದಳು. "ತಿಂದೋನು ಅವನೊಬ್ನೇ ಸಾರ್. ನಮ್ಮಿಬ್ಬರ ಮೇಜು ಬಿಟ್ಬಿಡಿ."

ತಟ್ಟೆ ಹಾಗೇ ಇದ್ದದ್ದು ಯಜಮಾನನಿಗೆ ಗೊತ್ತಿತ್ತು. ಆದರೆ ಆ ಮೇಜಿನವರೇ ಬಂದು ಸಾಕ್ಷಿ ಹೇಳಿದರೆ ಬೇಡವೆನ್ನಲು ಅವನೇನು ಹುಚ್ಚನೇ? ಸಂಜೆಗೆ ಮೇಜು ಎದ್ದಿತು.

ಮರುದಿನ ಮೂವರೂ ಚರ್ಮದಂಟಿನ ಗಡಿಗೆಯ ಸುತ್ತ ಮೂಗು ಸಿಂಡರಿಸಿಕೊಂಡು ಕೂತಿದ್ದರು. ಮಧ್ಯಾಹ್ನ ಕತ್ತರಿ ಯಂತ್ರದವನು, ಪಾಪವೆನಿಸಿ, ಡಬ್ಬಿಯನ್ನು ಅಳಿಯನತ್ತ ತಳ್ಳಿದ.

"ನಿನ್ನೆ ತಿಂದಾಯ್ತಲ್ಲ," ಅಳಿಯ ಗೆಳೆಯರನ್ನು ನೋಡಿ ಹೇಳಿದ, "ಇವತ್ತೇನು ಹೊಸದು?" ಒಂದು ತುಂಡು ಬಾಯಿಗಿಟ್ಟ.

ಅಗಿದ. ನಿಲ್ಲಿಸಿದ. ಹುಬ್ಬು ಮೇಲೇರಿತು. ಎಲುಬನ್ನು ಏನು ಮಾಡಬೇಕೆಂದು ತಿಳಿಯದೆ ಕೆನ್ನೆಯ ಒಂದು ಬದಿಯಿಂದ ಇನ್ನೊಂದು ಬದಿಗೆ ಹೊರಳಿಸಿದ.

ಅಕ್ಕನ ಸೂಜಿ ನಿಂತಿತು.

"ಅಯ್ಯೋ," ಎಂದಳು ಕನ್ನಡಕದವನಿಗೆ, "ಇವನು ತಿಂತಿರೋದು ಇದೇ ಮೊದಲು ಕಣೋ."