ಒಣಗಿದ ಚೆಂಡುಹೂವು, ತೆರೆದಿಟ್ಟ ಕ್ಯಾಮೆರಾ

"ಆಂಟಿ, ನೀವೀಗ ಹಸಿರು ಸೀರೆ ಉಟ್ಕೊಂಡು ಹಿತ್ಲಲ್ಲಿ ಬಟ್ಟೆ ಒಣಗಾಕ್ತಿದ್ದೀರಾ?"

ಮೊಬೈಲಿನಲ್ಲಿ ಕೇಳಿದವಳು ಮಹಡಿ ಮನೆಯಲ್ಲಿ ಬಾಡಿಗೆಗಿದ್ದ ದಿವ್ಯ. ಹೆಬ್ಬಾಳದ ಕಂಪ್ಯೂಟರ್ ಕಂಪನಿಗೆ ಬೆಳಗಿನ ಪಾಳಿಗೆ ಹೋಗಿದ್ದಳು. ಯಾದವಗಿರಿಯ ಶಾಂತಾದೇವಿ ಕೈಯಲ್ಲಿದ್ದ ಒದ್ದೆ ಲಂಗವನ್ನು ಹಾಗೇ ಹಿಡಿದು ಸುತ್ತ ನೋಡಿದರು.

"ಹೂಂ ಕಣಮ್ಮ, ನಿಂಗೆಂಗೆ ಗೊತ್ತಾಯ್ತು?"

"ನಿಮ್ಮ ಕ್ಯಾಮೆರಾ ಇಂಟರ್ನೆಟ್‌ನಲ್ಲಿ ಬಟಾಬಯಲಾಗ್ಬುಟ್ಟಿದೆ! ಇಲ್ಲಿ ಆಫೀಸಲ್ಲಿ ಬೀಗವಿಲ್ಲದ ಕ್ಯಾಮೆರಾಗಳ ಪಟ್ಟಿ ನೋಡ್ತಿದ್ದಾಗ ಕಣ್ಣಿಗೆ ಬಿತ್ತು. ಪ್ರಪಂಚದಲ್ಲಿ ಯಾರು ಬೇಕಾದ್ರೂ ನೋಡ್ಬಹುದು. ಆಯುಧಪೂಜೆ ಚೆಂಡುಹೂವು ಒಣಗಿ ಚಿತ್ರದ ಮೇಲೇ ನೇತಾಡ್ತಿದೆ, ಅದ್ರಿಂದ್ಲೇ ಗುರುತು ಸಿಕ್ತು. ಬೇಗ ಮುಚ್ಚಿ ಆಂಟಿ!"

ಅಷ್ಟರಲ್ಲಿ ಬಚ್ಚಲುಮನೆಯ ಚಿಲಕ ಸದ್ದಾಯಿತು.  ಒಳಗಿದ್ದವಳು ತಮ್ಮನ ಮಗಳು ಲಾಸ್ಯ. ಅವನು ಅಕ್ಕನನ್ನು ನಂಬಿ ಕಾಲೇಜಿಗೆಂದು ಬಿಟ್ಟುಹೋದ ಹುಡುಗಿ, ದಿನಾ ಟವೆಲ್ ಸುತ್ತಿಕೊಂಡೇ ಹಿತ್ತಿಲು ದಾಟಿ ಒಳಗೋಡುವವಳು.

"ಬರ್ಬೇಡ ಕಣೇ, ಅಲ್ಲೇ ಇರು!" ಎಂದು ಕೂಗಿ, ಸ್ಟೂಲು ಹತ್ತಿ, ಲಂಗದಿಂದ ಕ್ಯಾಮೆರಾಕ್ಕೆ ಮುಸುಕು ಹಾಕಿದರು. 

ಮಧ್ಯಾಹ್ನ ಊಟಕ್ಕೆ ಬಂದ ಗಂಡ ಗುರುಮಲ್ಲಪ್ಪನವರು ಅದನ್ನು ಕಂಡು, ದಿವ್ಯ ಹೇಳಿದ್ದನ್ನು ಹೆಂಡತಿಯಿಂದ ಕೇಳಿ ಕೆಂಡವಾದರು. ದೇವರಾಜ ಮೊಹಲ್ಲಾದ ಅಂಗಡಿಯಲ್ಲಿ ಕುಳಿತೇ ಮನೆ ಕಾಯಬಹುದೆಂದು, ೨೦೦೯ರ ಆಯುಧಪೂಜೆಯಂದು ವಿಭೂತಿ ಹಚ್ಚಿ, ಹೂವು ಕಟ್ಟಿ ಕ್ಯಾಮೆರಾ ಹಾಕಿಸಿದವರು ಅವರೇ. ಅದಾಗಿ ಒಂದು ತಿಂಗಳಾಗಿತ್ತು.

"ಪೂಜೆ ಮಾಡಿದ್ದರ ಮೇಲೆ ಲಂಗ ಹಾಕಿದ್ದೀಯಲ್ಲೇ! ಪಾಸ್‌ವರ್ಡ್ ಬದಲಾಯಿಸ್ಬೇಕು ಅಂತ ಇದನ್ನ ಕೂರ್ಸಿದ ಫಿಟ್ಟರ್ ಮತ್ತೆ ಬಂದಾಗ್ಲೂ, ಪೂಜೆ ಆಗೋಯ್ತು, ಇನ್ನು ಮುಟ್ಬೇಡ ಅಂದಿದ್ದೆ. ನಮ್ಮ ಹಿತ್ಲು ನೋಡಿ ಯಾರಿಗೇನಾಗ್ಬೇಕು?"

ಪಾಳಿ ಮುಗಿಸಿ ಆಗತಾನೆ ಬಂದಿದ್ದ ದಿವ್ಯ ಬಾಗಿಲಲ್ಲೇ ನಿಂತಳು. "ಅಂಕಲ್, ಕಂಪನಿಯಿಂದ ಬರೋ ಪಾಸ್‌ವರ್ಡ್ ಆ ಜಾತಿ ಕ್ಯಾಮೆರಾಗೆಲ್ಲ ಒಂದೇ. ಊರಿಗೆಲ್ಲ ಒಂದೇ ಕೀಲಿಕೈ ಇದ್ದಂಗೆ. ಆಂಟಿ ತುಳಸಿ ಕುಂಡದ ಹಿಂದೆ ಮನೆ ಕೀಲಿಕೈ ಇಡೋದು ಅದ್ರಲ್ಲಿ ಕಳ್ಳನಿಗೂ ಕಾಣ್ಸುತ್ತೆ. ಲಾಸ್ಯ ದೂರು ಕೊಟ್ರೆ, ಬಚ್ಚಲ ಕಡೆ ಕ್ಯಾಮೆರಾ ಇಟ್ಟೋರ್ಯಾರು ಅಂತ ಪೊಲೀಸ್ನೋರು ಕೇಳೋದು ನಿಮ್ಮನ್ನೇ ಕಣ್ರೀ. ಕೇಸೂ ಆಗ್ಬಹುದು."

"ಪೂಜೆ ಮಾಡಿದ್ದಲ್ವೇನಮ್ಮ..." ಎಂದರು ಗುರುಮಲ್ಲಪ್ಪ. ದನಿ ಆಗಲೇ ಇಳಿದಿತ್ತು.

ಪಕ್ಕದಲ್ಲೇ ನಿಂತಿದ್ದ ಲಾಸ್ಯ ಕೇಳಿದಳು: "ಮಾವ, ಈ ಒಂದು ತಿಂಗಳು ನನ್ನನ್ನ ಯಾರ್ಯಾರು ನೋಡಿದ್ರು?"

 ಗುರುಮಲ್ಲಪ್ಪನವರು ತಟ್ಟೆ ಸರಿಸಿ ಎದ್ದರು. ತಾವೇ ಸ್ಟೂಲು ಹತ್ತಿ ಒಣಹೂವು ಕಿತ್ತು, ಕ್ಯಾಮೆರಾ ಬಿಚ್ಚಿದರು. ಸಂಜೆಯೊಳಗೆ ಅದು ಹೊಸ ಪಾಸ್‌ವರ್ಡ್ ಪಡೆದು ಗೇಟಿನ ಕಡೆ ತಿರುಗಿ ಕುಳಿತಿತ್ತು. ಊರು ಕೊಳ್ಳೆ ಹೊಡೆದ ಮೇಲೆ ದಿಡ್ಡಿ ಬಾಗಿಲು ಹಾಕಿದ ಹಾಗಾಯಿತು.

ಅಕ್ಕಂದಿರೇ, ಅಣ್ಣಂದಿರೇ, ನಿಮ್ಮ ಮನೆಯ ಕ್ಯಾಮೆರಾ ಯಾವ ಕಡೆ ನೋಡುತ್ತಿದೆ? ಅದರ ಪಾಸ್‌ವರ್ಡ್ ನೀವೇ ಇಟ್ಟದ್ದೇ? ಪೂಜೆ ಮಾಡಿ, ಬೇಡವೆನ್ನುವುದಿಲ್ಲ. ಆದರೆ ಇವತ್ತೇ ಪಾಸ್‌ವರ್ಡ್ ಬದಲಾಯಿಸಿ. ಲಾಸ್ಯ ಕೇಳಿದ ಪ್ರಶ್ನೆಗೆ ಆ ಮನೆಯಲ್ಲಿ ಇವತ್ತಿಗೂ ಉತ್ತರವಿಲ್ಲ.