ತಡಗಲ್ಲಿನ ತೂಕ

ತೂಕದ ಕೋಣೆಯಿಂದ ಹೊರಗೆ ಬಂದಾಗ, ಕಿಟಕಿಕಟ್ಟೆಯ ಮೇಲೆ ಬಿಟ್ಟುಹೋಗಿದ್ದ ನನ್ನ ಟೀ ಇನ್ನೂ ಹಬೆಯಾಡುತ್ತಿತ್ತು. ನನ್ನ ಎದೆ ಧಸಕ್ಕೆಂದಿತು.

ಬಿಸಿ ಟೀ ನೋಡಿ ಹೆದರುವವಳು ಎಂಥವಳು ಎಂದು ನಗಬೇಡಿ. ನಮ್ಮದು ಖನಿಜ ಪರೀಕ್ಷೆ ಮಾಡುವ ಪ್ರಯೋಗಾಲಯ. ಅಲ್ಲಿ ಗೋಲಿಯಷ್ಟು ದೊಡ್ಡದೊಂದು ಬೂದುಬಣ್ಣದ ಕಲ್ಲಿದೆ, ಹೆಸರು ತಡಗಲ್ಲು. ಅದರ ಸುತ್ತ ನಾಲ್ಕು ಹೆಜ್ಜೆಯೊಳಗೆ ಕಾಲ ತೆವಳುತ್ತದೆ. ಅದರ ಹತ್ತಿರ ನಾಲ್ಕು ನಿಮಿಷ ಇದ್ದು ಬಂದರೆ ಹೊರಗೆ ಒಂದು ಗಂಟೆ ಕಳೆದಿರುತ್ತದೆ. ಮೂರು ತಿಂಗಳಿಗೊಮ್ಮೆ ಅದನ್ನು ಇಬ್ಬರು ತೂಗಬೇಕು, ಒಬ್ಬರಾದ ಮೇಲೆ ಒಬ್ಬರು. ಒಬ್ಬರ ಅಂಕಿಯನ್ನು ಇನ್ನೊಬ್ಬರು ನೋಡುವಂತಿಲ್ಲ. ಹೊರಗೆ ಕಾಯುವುದು ಯಾರಿಗೂ ಬೇಡವಾದ ಕೆಲಸ, ಹಾಗಾಗಿ ಅಷ್ಟು ಹೊತ್ತೂ ಉಳಿದವರೆಲ್ಲ ಕ್ಯಾಂಟೀನಿನಲ್ಲಿರುತ್ತಾರೆ. ನಾನು ಹೊರಬರುವಷ್ಟರಲ್ಲಿ ನನ್ನ ಟೀ ತಣ್ಣಗಾಗಿ ಕೆನೆಗಟ್ಟಿರುವುದು ವಾಡಿಕೆ.

ತೂಕವೇನೋ ಕೂದಲೆಳೆಯಷ್ಟೂ ವ್ಯತ್ಯಾಸವಿಲ್ಲದೆ ಸರಿಯಾಗಿತ್ತು. ಆದರೆ ನಾನು ತೂಗಿದ್ದು ತಡಗಲ್ಲಲ್ಲ.

ನನ್ನ ನಂತರ ತೂಗಬೇಕಾದವರು ಭಾವ, ನನ್ನ ಅಕ್ಕನ ಗಂಡ. ಇಪ್ಪತ್ತು ವರ್ಷದಿಂದ ಅಲ್ಲೇ ಕಲ್ಲು ಉಜ್ಜುತ್ತ, ತೂಗುತ್ತ ಇರುವವರು. ಅವರ ಕಣ್ಣು ನನ್ನ ಕೈಯ ಲೋಟದ ಮೇಲೆ ಬಿತ್ತು, ಹಬೆಯ ಮೇಲೆ ನಿಂತಿತು. ಒಳಗೆ ಹೋದರು. ನಾಲ್ಕು ನಿಮಿಷದ ಕೆಲಸಕ್ಕೆ ಸರಿಯಾಗಿ ಒಂದು ಗಂಟೆ ಕೂತು ಹೊರಬಂದರು. ಕಲ್ಲು ಅಲ್ಲಿದ್ದಿದ್ದರೆ ಅದು ಸಹಜವೇ. ಇಲ್ಲದ ಕಲ್ಲಿನ ಪಕ್ಕ ಒಂದು ಗಂಟೆ ಕೂರುವವನು ಕಳ್ಳ. ತೂಕ ಸರಿಹೋದರೆ ಎಲ್ಲವೂ ಸರಿ ಎಂದು ಇಪ್ಪತ್ತು ವರ್ಷ ನಂಬಿದ ಮನುಷ್ಯ, ಕಳ್ಳತನವನ್ನೂ ತೂಕ ನೋಡಿಯೇ ಮಾಡಿದ್ದರು.

ಮೇಲ್ವಿಚಾರಕರು ಬಂದು ಎರಡೂ ಚೀಟಿ ಬಿಚ್ಚಿ, ತಾಳೆ ನೋಡಿ ಸಹಿ ಹಾಕಿದರು. ನಾನು ಬಾಯಿ ಬಿಡಲಿಲ್ಲ. ಕಚೇರಿಯಲ್ಲಿ ನನ್ನನ್ನು ಪತ್ತೇದಾರಮ್ಮ ಅಂತ ಹಿಂದಿನಿಂದ ಕರೆಯುತ್ತಾರೆ, ಗೊತ್ತು. ಕರೆಯಲಿ. ಅನುಮಾನ ಹೊಟ್ಟೆಯಲ್ಲಿಟ್ಟುಕೊಂಡೇ ನಾನು ಇಷ್ಟು ವರ್ಷ ಬಾಳಿದ್ದೇನೆ.

ತಲೆನೋವೆಂದು ಹೇಳಿ ಸೀದಾ ಅಕ್ಕನ ಮನೆಗೆ ಹೋದೆ. ಅಕ್ಕನಿಗೆ ರಕ್ತದ ಕಾಯಿಲೆ. ಹೆಚ್ಚೆಂದರೆ ನಾಲ್ಕು ತಿಂಗಳು ಎಂದಿದ್ದರು ಡಾಕ್ಟರು. ಹೊಸ ಔಷಧಿಯೊಂದು ಪರೀಕ್ಷೆಯಲ್ಲಿದೆಯಂತೆ, ಬರಲು ಎರಡು ವರ್ಷ ಬೇಕಂತೆ. ಸೋಂಕು ತಗಲುತ್ತದೆ, ಯಾರೂ ಒಳಗೆ ಹೋಗಬಾರದು ಎಂದು ಭಾವ ಮೂರು ತಿಂಗಳಿಂದ ನನ್ನನ್ನು ಬಾಗಿಲ ಗಾಜಿನ ಆಚೆಯೇ ನಿಲ್ಲಿಸಿದ್ದರು. ನೋಡಿದಾಗಲೆಲ್ಲ ಅಕ್ಕ ಅಲ್ಲಾಡದೆ ಮಲಗಿರುತ್ತಿದ್ದಳು. ಈ ಮನುಷ್ಯ ಅವಳಿಗೆ ಏನು ಕುಡಿಸುತ್ತಿದ್ದಾನೋ ಎಂದು ನಾನು ಯೋಚಿಸಿದ್ದೂ ಉಂಟು.

ಕೋಣೆಯ ಹೊರಗೆ ಅಕ್ಕನ ಮಗಳು ನೆಲದ ಮೇಲೆ ಕೂತು ಪುಸ್ತಕಕ್ಕೆ ರಟ್ಟು ಹಾಕುತ್ತಿದ್ದಳು. ಏಳು ವರ್ಷದ ಮಗು.

"ಒಳಗೆ ಹೋಗ್ಬೇಡ ಚಿಕ್ಕಮ್ಮ. ಹೋದ್ರೆ ತುಂಬಾ ಹೊತ್ತಾಗ್ಬಿಡತ್ತೆ," ಅಂದಳು.

ಅಷ್ಟು ಸಾಕಾಗಿತ್ತು. ಬಾಗಿಲು ತಳ್ಳಿ ಒಳಗೆ ಹೋದೆ.

ಅಕ್ಕ ಎಚ್ಚರವಾಗೇ ಇದ್ದಳು. ನನ್ನ ಕೈ ಹಿಡಿದು ಹತ್ತಿರ ಎಳೆದುಕೊಂಡಳು. "ಒಂದು ವಾರ ಆಯ್ತಲ್ಲೇ ನೀನು ಬಂದು. ನಿನ್ ಭಾವಂಗೆ ಹೇಳ್ಬೇಡ, ನಂಗೆ ತಲೆ ಕೆಡ್ತಾ ಇದೆ. ಮೊನ್ನೆ ಮಗೂಗೆ ಮುಂದಿನ ಹಲ್ಲು ಬಿದ್ದಿತ್ತು. ಇವತ್ತು ಬಾಗಿಲಲ್ಲಿ ನಿಂತು ನಕ್ಕಳು, ಅಲ್ಲಿ ಹಲ್ಲಿದೆ. ಹೊತ್ತು ಹುಟ್ಟಿದ್ದೂ ಮುಳುಗಿದ್ದೂ ತಿಳಿಯಲ್ಲ. ಯಾರಿಗೂ ಹೇಳಕ್ಕೆ ಭಯ ಕಣೇ."

ಮಂಚದ ಕೆಳಗೆ ಕೈಹಾಕಿದೆ. ಒಂದು ಬಿಸ್ಕತ್ತಿನ ಡಬ್ಬಿ, ಹತ್ತಿಯಲ್ಲಿ ಸುತ್ತಿದ ಕಲ್ಲು. ಇದ್ದದ್ದನ್ನು ಇದ್ದಹಾಗೆ ಹೇಳಿಬಿಟ್ಟೆ: ಅವಳ ಒಂದು ವಾರ ನಮಗೆ ಮೂರು ತಿಂಗಳು, ಔಷಧಿ ಬರುವ ತನಕ ಅವಳನ್ನು ಹೀಗೆ ತಡೆದಿಡುವುದು ಭಾವನ ಲೆಕ್ಕಾಚಾರ, ಡಬ್ಬಿ ತೆಗೆದರೆ ಉಳಿಯುವುದು ಡಾಕ್ಟರು ಹೇಳಿದಷ್ಟೇ.

ಅಕ್ಕ ಹತ್ತಿ ಸರಿಸಿ ಕಲ್ಲನ್ನು ಬೆರಳಿನಿಂದ ಮುಟ್ಟಿ ನೋಡಿದಳು.

"ಸದ್ಯ, ನಂಗೆ ಹುಚ್ಚಿಲ್ಲ," ಅಂದಳು. ಆಮೇಲೆ, "ಆ ಔಷಧಿ ಬಂದೇ ಬರತ್ತೆ ಅಂತ ಯಾರಾದ್ರೂ ಬರ್ದುಕೊಟ್ಟಿದಾರಾ?"

"ಇಲ್ಲ."

"ಹಾಗಾದ್ರೆ ತಗೊಂಡು ಹೋಗು. ಮಗೂನ ಒಳಗೆ ಕಳಿಸು."

ನಾನು ಡಬ್ಬಿ ಹಿಡಿದು ಅಂಗಳ ದಾಟಿ, ಗೇಟಿನ ಪಕ್ಕದ ಕಲ್ಲುಬೆಂಚಿಗೆ ಬಂದೆ. ಆಗಲೇ ಸಂಜೆಯಾಗಿತ್ತು. ಮಗು ಹಿಂದೆ ನೋಡದೆ ಒಳಗೆ ಓಡಿತು. ಅದೇ ಹೊತ್ತಿಗೆ ಭಾವ ಗೇಟು ತೆರೆದರು. ಡಬ್ಬಿ ಕಂಡದ್ದೇ ಮುಖ ಬಿಳಿಚಿಕೊಂಡಿತು.

"ಒಳಗಿಡಮ್ಮ ಅದನ್ನ. ನಿನ್ನ ಕಾಲಿಗೆ ಬೀಳ್ತೀನಿ."

"ಅವಳಿಗೆ ಯಾಕೆ ಹೇಳ್ಲಿಲ್ಲ?"

"ಹೇಳಿದ್ರೆ ಒಪ್ತಿದ್ಲಾ?"

"ಒಪ್ಪಲ್ಲ ಅಂತ ಗೊತ್ತಿದ್ದೂ ಮಾಡಿದ್ರಲ್ಲ. ಅವಳು ತನಗೆ ಹುಚ್ಚು ಅನ್ಕೊಂಡಿದ್ಲು, ಭಾವ."

"ಹುಚ್ಚಾದ್ರೂ ಇರ್ಲಿ, ಇದ್ರೆ ಸಾಕು ನಂಗೆ."

ಅವರು ಡಬ್ಬಿಗೆ ಕೈಹಾಕಿದರು. ನಾನು ಬಿಡಲಿಲ್ಲ. ಎಳೆದಾಡಿದೆವು. ನೀವು ಕಳ್ಳರು ಅಂದೆ, ನೀನು ಅಕ್ಕನನ್ನು ಕೊಲ್ಲುವವಳು ಅಂದರು. ಮೂರು ತಿಂಗಳು ಕಟ್ಟಿಟ್ಟುಕೊಂಡಿದ್ದನ್ನೆಲ್ಲ ನಾನು ಕಾರಿಕೊಂಡೆ. ಅವರೂ ಏನೂ ಉಳಿಸಲಿಲ್ಲ. ಹನ್ನೆರಡು ನಿಮಿಷವಿರಬಹುದು, ಅದಕ್ಕಿಂತ ಹೆಚ್ಚಿಲ್ಲ.

ಉಸಿರು ತೆಗೆದುಕೊಳ್ಳಲು ತಲೆಯೆತ್ತಿದಾಗ ಕತ್ತಲಾಗಿತ್ತು. ಅಕ್ಕನ ಕೋಣೆಯಲ್ಲಿ ದೀಪ ಹತ್ತಿತ್ತು. ಅದನ್ನು ಯಾರು, ಯಾವಾಗ ಹಚ್ಚಿದರೋ ನಾವು ನೋಡಿರಲಿಲ್ಲ.

ಡಬ್ಬಿ ಇಬ್ಬರ ಕೈಯಲ್ಲೂ ಇತ್ತು. ಈ ಊರಿನಲ್ಲಿ ಆ ಕಲ್ಲನ್ನು ನಮ್ಮಿಬ್ಬರಿಗಿಂತ ಚೆನ್ನಾಗಿ ಬಲ್ಲವರು ಯಾರೂ ಇಲ್ಲ. ಭಾವ ನನ್ನ ಮುಖ ನೋಡಿದರು. ಡಬ್ಬಿಯನ್ನು ಬೆಂಕಿಯಿಂದ ಕೈ ತೆಗೆದಂತೆ ಬಿಟ್ಟು, ಚಪ್ಪಲಿಯನ್ನೂ ಬಿಡದೆ ಒಳಗೆ ಓಡಿದರು. ನಾನು ಅದನ್ನು ಬೆಂಚಿನ ಮೇಲೆ ಬಿಸಾಕಿ ಅವರ ಹಿಂದೆಯೇ ಓಡಿದೆ.

ಮಗು ಅಕ್ಕನ ತೋಳಿನ ಮೇಲೆ ನಿದ್ದೆಹೋಗಿತ್ತು. ಅಕ್ಕ ಅದರ ಕೂದಲು ಸವರುತ್ತಿದ್ದಳು.

"ಎಲ್ಲಿ ಹಾಳಾಗಿ ಹೋಗಿದ್ರಿ ಇಬ್ರೂ?" ಮಗುವಿಗೆ ಎಚ್ಚರವಾಗದ ಹಾಗೆ ಕೇಳಿದಳು. "ಮೂರು ಗಂಟೆ ಹೊತ್ತಿಂದ ಕಾಯ್ತಾ ಇದೀನಿ."